ನಂಜಪ್ಪನ ನಿಧನ ವಾರ್ತೆ

ಯಶಸ್ವಿನಿ ಮಾಡುವ ಕೆಲಸ ಏನೆಂದು ಅವಳ ತಂದೆ ಪಾಲಾಕ್ಷಪ್ಪನವರಿಗೆ ಕೊನೆಗೂ ಸರಿಯಾಗಿ ತಿಳಿಯಲಿಲ್ಲ. ಚನ್ನರಾಯಪಟ್ಟಣದಲ್ಲಿ ಅವರದು ಬಟ್ಟೆ ಅಂಗಡಿ. ಗಿರಾಕಿಗಳು ಮಗಳ ವಿಚಾರ ಕೇಳಿದರೆ ಸೀರೆ ಮಡಿಸುತ್ತಲೇ, "ಹಾಸನದಲ್ಲಿ ಟೀವಿಲಿ ಇದಾಳೆ" ಅನ್ನುತ್ತಿದ್ದರು.

"ಕಾಣಿಸೋದೇ ಇಲ್ವಲ್ಲ ಯಜಮಾನ್ರೇ?"

"ಅವಳು ಕಾಣಿಸಲ್ಲ. ಕಾಣಿಸೋರನ್ನ ಕೂರಿಸ್ತಾಳೆ."

ಅದು ಬಹುಮಟ್ಟಿಗೆ ನಿಜವೇ ಆಗಿತ್ತು. ಹಾಸನದ ಬಸ್ ಸ್ಟ್ಯಾಂಡಿನ ಹಿಂದೆ, ಮೊಬೈಲ್ ಅಂಗಡಿಯೊಂದರ ಮಹಡಿಯ ಮೇಲೆ ಎರಡು ಕೋಣೆಯ ಒಂದು ಕೇಬಲ್ ವಾಹಿನಿ. ಅಲ್ಲಿ ಅವಳು ಪ್ರೊಡ್ಯೂಸರ್. ಕೃಷಿ ಅಧಿಕಾರಿಯನ್ನು ಕರೆಸಿ ಕುರ್ಚಿಯಲ್ಲಿ ಕೂರಿಸಿ, ಆಲೂಗಡ್ಡೆಯ ಅಂಗಮಾರಿ ರೋಗದ ಬಗ್ಗೆ ರೈತರು ಫೋನಿನಲ್ಲಿ ಕೇಳುವ ಪ್ರಶ್ನೆಗಳನ್ನು ಅವರಿಗೆ ದಾಟಿಸುವುದು, ಸೋಬಾನೆ ಹಾಡುವ ಹೆಂಗಸರಿಗೆ ಕ್ಯಾಮೆರಾ ನೋಡಬೇಡಿ ಎಂದು ಹೇಳಿಕೊಡುವುದು, ಮಕ್ಕಳ ಹುಟ್ಟುಹಬ್ಬದ ಫೋಟೋಗಳನ್ನು ಜೋಡಿಸುವುದು, ಎಲ್ಲವೂ ಅವಳ ಪಾಲಿನವೇ. ಆದರೆ ಅವಳ ಹೆಸರು ಜಿಲ್ಲೆಯಲ್ಲಿ ಹಬ್ಬಿದ್ದು ನಿಧನ ವಾರ್ತೆಯಿಂದ. ಪತ್ರಿಕೆಯಲ್ಲಿ ಸಾವಿನ ಸುದ್ದಿ ಬರುವಷ್ಟರಲ್ಲಿ ಮಣ್ಣು ಮುಗಿದಿರುತ್ತದೆ, ಅದೇ ದಿನ ಬೆಳಿಗ್ಗೆ ಏಳೂವರೆಗೆ ತೋರಿಸಿದರೆ ನೆಂಟರಿಷ್ಟರಿಗೆ ಮುಖ ನೋಡಲಾದರೂ ಸಿಗುತ್ತದೆ ಎಂದು ಮಾಲೀಕ ರಜನೀಶನಿಗೆ ಹೇಳಿ ಅದನ್ನು ಶುರು ಮಾಡಿಸಿದವಳು ಅವಳೇ. ಅರಕಲಗೂಡಿನಿಂದ ಬಾಗೂರಿನವರೆಗೆ ಹೋಟೆಲುಗಳಲ್ಲಿ ಜನ ಕಾಫಿ ಲೋಟ ಕೈಯಲ್ಲಿ ಹಿಡಿದು ಆ ಹತ್ತು ನಿಮಿಷ ಟೀವಿ ನೋಡುತ್ತಿದ್ದರು.

ಅದಕ್ಕೊಂದು ಕಟ್ಟುನಿಟ್ಟನ್ನೂ ಅವಳೇ ಮಾಡಿಟ್ಟಿದ್ದಳು. ಸುದ್ದಿ ಹೇಳಿದವರ ಮಾತು ಒಂದನ್ನೇ ನಂಬುವಂತಿಲ್ಲ. ಅದೇ ಮನೆಯ ಇನ್ನೊಂದು ನಂಬರಿಗೆ ತಾನೇ ಫೋನ್ ಮಾಡಿ ಖಚಿತ ಮಾಡಿಕೊಳ್ಳಬೇಕು. ಆರು ವರ್ಷದಲ್ಲಿ ಒಬ್ಬರ ವಯಸ್ಸು ತಪ್ಪಿರಬಹುದು, ಇನ್ನೊಬ್ಬರ ಇನಿಷಿಯಲ್ ತಪ್ಪಿರಬಹುದು, ಸಾವು ಮಾತ್ರ ಒಂದು ಸಲವೂ ತಪ್ಪಿರಲಿಲ್ಲ.

ಎಂಟು ವರ್ಷದ ಹಿಂದೆ, ಶಿವರಾತ್ರಿ ಕಳೆದ ವಾರ, ಬೆಳಿಗ್ಗೆ ಆರಕ್ಕೆ ಫೋನ್ ಬಂತು. ಹಳ್ಳಿಮೈಸೂರು ಹೋಬಳಿಯ ಮಾವಿನಕೊಪ್ಪಲಿನಿಂದ ದಿಲೀಪ್ ಅಂತೆ. "ನಮ್ಮಪ್ಪ ನಂಜಪ್ಪ ತೀರ್ಕಂಬುಟ್ರು ಮೇಡಂ. ಅರವತ್ತೆರಡು. ಮದ್ಯಾನ ಮೂರಕ್ಕೆ ತ್ವಾಟ್ದಲ್ಲೇ ಮಾಡ್ತೀವಿ." ಫೋಟೋ ವಾಟ್ಸಾಪಿನಲ್ಲಿ ಬಂತು. ಬಿಳಿ ಅಂಗಿ, ಹಣೆಯಲ್ಲಿ ಕುಂಕುಮ, ದಪ್ಪ ಮೀಸೆ. ಅವನು ಕೊಟ್ಟ ಇನ್ನೊಂದು ನಂಬರಿಗೆ ಯಶಸ್ವಿನಿ ಫೋನ್ ಮಾಡಿದಳು. ವಯಸ್ಸಾದ ದನಿಯೊಂದು ಗದ್ಗದವಾಗಿ, "ದಿಟ ಕಣವ್ವ, ಬೆಳಗಿನ್ ಜಾವ್ದಾಗೆ ವೋಗ್ಬುಟ್ಟ" ಎಂದು ಬಿಕ್ಕಿತು. ಏಳೂವರೆಗೆ ವಾರ್ತೆ ಹೋಯಿತು.

ಹತ್ತು ಗಂಟೆಗೆ ಇನ್ನೊಂದು ಫೋನ್.

"ಮೇಡಂ, ನಾನು ದಿಲೀಪ್ ಅಂತ. ಮಾವಿನಕೊಪ್ಪಲು. ನಾವು ಗಂಡ ಎಂಡ್ತಿ ಬೆಳಗೊಳದಲ್ಲಿ ಮದ್ವೆ ಮನೇಲಿದೀವಿ. ನಮ್ಮಪ್ಪ ಓಗ್ಬುಟ್ರು ಅಂತ ಟೀವಿಲಿ ಬಂತಂತೆ. ಈಗ ಫೋನ್ ಮಾಡಿದ್ರೆ ನಮ್ಮಪ್ಪಾನೇ ಎತ್ಕಂಡು, ನಂಗೇನಾಗಿಲ್ಲ, ನೀನು ಉಂಡ್ಕಂಡು ಬಾ ಅಂತವ್ರೆ."

"ನೀವು ಯಾವ ದಿಲೀಪ್?" ಅಂದಳು ಯಶಸ್ವಿನಿ.

"ನಮ್ಮೂರಲ್ಲಿ ಇರೋನೇ ಒಬ್ಬ ದಿಲೀಪ ಮೇಡಂ."

ಆಗಾಗ ಮರುಪ್ರಸಾರವಾಗುತ್ತಿದ್ದ ಆ ವಾರ್ತೆಯನ್ನು ಅವಳು ಕಂಪ್ಯೂಟರಿನ ಮುಂದಿದ್ದ ಮಂಜುನಾಥನಿಂದ ತೆಗೆಸಿದಳು. ಬೆಳಗಿನದು ತಪ್ಪು ಸುದ್ದಿ, ನಂಜಪ್ಪ ಬದುಕಿದ್ದಾರೆ ಎಂದು ಕೆಳಗಡೆ ಅಕ್ಷರ ಓಡಿಸಲೇ ಎಂದು ಅವನು ಕೇಳಿದ. ಬೆಳಿಗ್ಗೆ ಎರಡು ದನಿ ಸತ್ತ ಅಂದಿದ್ದವು, ಈಗೊಂದು ದನಿ ಬದುಕಿದ್ದಾನೆ ಅನ್ನುತ್ತಿದೆ. ಯಾವುದನ್ನು ನಂಬುವುದು? "ತಡಿ, ನಾನು ಹೋಗಿ ಕಣ್ಣಾರೆ ನೋಡಿ ಫೋನ್ ಮಾಡ್ತೀನಿ, ಆಮೇಲೆ ಹಾಕು" ಎಂದು ಹೇಳಿ ವಾಹಿನಿಯ ಓಮ್ನಿಯಲ್ಲಿ ಹೊರಟಳು. ಹೊಳೆನರಸೀಪುರ ದಾಟುವವರೆಗೂ ಡ್ರೈವರ್ ಏನು ಮಾತಾಡಿಸಿದರೂ ಅವಳ ಕಿವಿಗೆ ಬೀಳಲಿಲ್ಲ.

ಮಾವಿನಕೊಪ್ಪಲು ಮುಟ್ಟಿದಾಗ ಹನ್ನೊಂದು ಇಪ್ಪತ್ತು. ನಂಜಪ್ಪನ ಮನೆ ಮುಂದೆ ನಲವತ್ತು ಐವತ್ತು ಜನ. ಹಾರ ಹಿಡಿದು ಬಂದವರು ಹಾರವನ್ನು ಎಲ್ಲಿಡುವುದೆಂದು ತಿಳಿಯದೆ ಬೇಲಿಗೆ ನೇತುಹಾಕಿದ್ದರು. ಕೆಲವರು ಬೈಯುತ್ತಿದ್ದರು, ಕೆಲವರು ನಗುತ್ತಿದ್ದರು. ಜಗುಲಿಯ ಮೇಲೆ ಬಿಳಿ ಪಂಚೆ, ಬಿಳಿ ಅಂಗಿ ತೊಟ್ಟು ಫೋಟೋದಲ್ಲಿದ್ದ ಮನುಷ್ಯನೇ ಕೂತು ಕಾಫಿ ಕುಡಿಯುತ್ತಿದ್ದ.

ಅವಳನ್ನು ನೋಡಿದ್ದೇ ಎದ್ದು ಬಂದು ಕೈಮುಗಿದ. "ಟೀವಿಯೋರಾ? ತಪ್ಪಾಯ್ತು ಕಣವ್ವ. ಎರಡು ದನೀನೂ ನಂದೇಯ. ನಲವತ್ತು ವರ್ಸ ನಾಟಕದಲ್ಲಿ ಪಾರ್ಟು ಮಾಡಿವ್ನಿ."

ಬೈಯಬೇಕೆಂದು ಯಶಸ್ವಿನಿ ದಾರಿಯುದ್ದಕ್ಕೂ ಜೋಡಿಸಿಕೊಂಡು ಬಂದಿದ್ದೆಲ್ಲ ಎಲ್ಲೋ ಹೋಯಿತು. ಫೋನ್ ತೆಗೆದು ಮಂಜುನಾಥನ ನಂಬರ್ ಒತ್ತಲು ಹೋದಳು. ನಂಜಪ್ಪ ಆ ಫೋನಿನ ಮೇಲೆ ತನ್ನ ಅಂಗೈ ಅಡ್ಡ ಇಟ್ಟ.

"ಒಂದ್ ಗಂಟೆ ತಡಿ ತಾಯಿ. ಒಂದೇ ಗಂಟೆ. ಆಮೇಲೆ ನೀನು ಏನ್ ಬೇಕಾದ್ರೂ ಆಕು, ಪೋಲೀಸ್ರನ್ನೇ ಕರ್ಸು. ನನ್ ತಮ್ಮ ಬತ್ತಾವ್ನೆ."

ಆಗ ಅವನು ಹೇಳಿದ್ದು ಇಷ್ಟು. ತಮ್ಮ ಕಾಂತರಾಜು ಅರಕಲಗೂಡಿನಲ್ಲಿ ಶುಂಠಿ ವ್ಯಾಪಾರ ಮಾಡಿಕೊಂಡಿದ್ದಾನೆ. ಹನ್ನೊಂದು ವರ್ಷದ ಹಿಂದೆ ಅವರ ತಾಯಿ ತೀರಿಕೊಂಡಾಗ ನಂಜಪ್ಪ ಅವನಿಗೆ ಹೇಳಿಕಳಿಸಿದ್ದು ತಡವಾಯಿತು. ಬೇಕೆಂದೇ ತಡ ಮಾಡಿದ್ದಲ್ಲ, ಯಾರೋ ಹೇಳಿರುತ್ತಾರೆ ಅಂದುಕೊಂಡ. ಕಾಂತರಾಜು ಬಂದು ಇಳಿದಾಗ ತೋಟದಲ್ಲಿ ಮಣ್ಣು ಹಾಕಿ ಮುಗಿದಿತ್ತು. ಅವನು ಆ ಹಸಿ ಮಣ್ಣಿನ ಪಕ್ಕ ನಿಂತು, "ಅವ್ವನ ಮುಖ ತೋರಿಸ್ಲಿಲ್ಲ ನೀನು. ಇನ್ನು ನೀನು ಸತ್ ದಿನ ಬತ್ತೀನಿ. ಅಲ್ಲೀಗಂಟ ಈ ವಸ್ಲು ತುಳಿಯಕ್ಕಿಲ್ಲ" ಎಂದು ಹೇಳಿ ಹೊರಟುಹೋದ. ಅಲ್ಲಿಂದೀಚೆಗೆ ಮದುವೆಗಳಿಗೆ ಕರೆದರೂ ಬರಲಿಲ್ಲ. ನಂಜಪ್ಪನೇ ಎರಡು ಸಲ ಅರಕಲಗೂಡಿಗೆ ಹೋದರೆ ಹಿಂಬಾಗಿಲಿಂದ ಎದ್ದು ಹೋದ.

"ಅವನೇ ಏಳಿದ್ದಲ್ವಾ, ಸತ್ರೆ ಬತ್ತೀನಿ ಅಂತ. ಅದುಕ್ಕೇ ಸತ್ತೆ" ಅಂದ ನಂಜಪ್ಪ. "ಈಗ ನೀನು ಬದುಕವ್ನೆ ಅಂತ ಆಕ್ಬುಟ್ರೆ ಅರ್ದ ದಾರೀಲಿ ತಿರುಗಿಸ್ಕಂಡು ಒಂಟೋಯ್ತಾನೆ ಕಣವ್ವ."

ಯಶಸ್ವಿನಿ ಕಾದಳು. ಯಾಕೆ ಕಾದೆ ಎಂದು ಅವಳು ತನ್ನನ್ನೇ ಕೇಳಿಕೊಂಡಷ್ಟು ಇನ್ಯಾರೂ ಕೇಳಲಿಲ್ಲ. ಹೇಗೂ ತಪ್ಪು ಆಗಿಹೋಗಿದೆ, ಇನ್ನೊಂದು ಗಂಟೆಗೆ ಏನಾಗುತ್ತದೆ ಅನ್ನಿಸಿತ್ತು. ಅಣ್ಣತಮ್ಮ ಒಂದಾದರೆ ತನ್ನ ತಪ್ಪೂ ಅದರಲ್ಲಿ ಮುಚ್ಚಿಹೋಗುತ್ತದೆ ಎಂಬ ಆಸೆಯೂ ಇತ್ತು. ಜಗುಲಿಯ ತುದಿಯಲ್ಲಿ ಕೂತಳು. ಯಾರೋ ಅವಳಿಗೂ ಕಾಫಿ ಕೊಟ್ಟರು. ಮಂಜುನಾಥ ಎರಡು ಸಲ ಫೋನ್ ಮಾಡಿದ. ಅವಳು ಎತ್ತಲಿಲ್ಲ.

ಹನ್ನೆರಡೂ ಇಪ್ಪತ್ತಕ್ಕೆ ಆಟೋ ಬಂದು ನಿಂತಿತು. ಇಳಿದವನು ಐವತ್ತೈದರ ಸಣಕಲು ಮನುಷ್ಯ. ಇಸ್ತ್ರಿ ಮಾಡಿದ ಬಿಳಿ ಅಂಗಿ, ಕೈಯಲ್ಲಿ ಸುಗಂಧರಾಜದ ದೊಡ್ಡ ಹಾರ. ಜನ ಮಾತು ನಿಲ್ಲಿಸಿ ದಾರಿ ಬಿಟ್ಟರು. ಅವರೆಲ್ಲ ತನ್ನ ದುಃಖಕ್ಕೆ ದಾರಿ ಬಿಟ್ಟರೆಂದೇ ಅವನು ತಿಳಿದಿರಬೇಕು, ತಲೆ ಬಗ್ಗಿಸಿಕೊಂಡೇ ನಡೆದು ಬಂದ. ನಂಜಪ್ಪ ಜಗುಲಿ ಇಳಿದು ಎದುರು ಹೋದ.

"ಬಂದ್ಯಾ ಕಾಂತ. ಬಾ, ಕುಂತ್ಕ."

ಕಾಂತರಾಜು ತಲೆಯೆತ್ತಿದ. ಮುಖದಲ್ಲಿ ಸಿಟ್ಟಿರಲಿಲ್ಲ, ಸಂತೋಷವೂ ಇರಲಿಲ್ಲ. ಏನೂ ಅರ್ಥವಾಗದ ಮಗುವಿನ ಮುಖದ ಹಾಗಿತ್ತು. "ಅಣ್ಣ" ಅಂದ. ಹಾರವನ್ನು ಮುಂದೆ ಚಾಚಿದ, ಹಿಂದಕ್ಕೆ ಎಳೆದುಕೊಂಡ. ಆಮೇಲೆ ಹಾರ ಹಿಡಿದ ಕೈಯನ್ನೇ ಎದೆಗೆ ಒತ್ತಿಕೊಂಡು ಅಲ್ಲೇ, ಅಂಗಳದ ನಡುವೆ ಕುಕ್ಕರಿಸಿದ.

ನಗುತ್ತಿದ್ದವರಿಗೆ ಅದು ಅಳುವೆಂದು ಕಂಡಿತು. ಯಶಸ್ವಿನಿಗೂ ಹಾಗೇ ಕಂಡಿತು. ಅವನು ಪಕ್ಕಕ್ಕೆ ವಾಲಿದ ಮೇಲೆ ಮೊದಲು ಓಡಿದವಳು ಅವಳು. ಓಮ್ನಿಯ ಹಿಂದಿನ ಸೀಟಿನಲ್ಲಿ ಮಲಗಿಸಿಕೊಂಡು ಹೊಳೆನರಸೀಪುರದ ಆಸ್ಪತ್ರೆಗೆ ಹೊರಟರು. ತಮ್ಮನ ತಲೆ ನಂಜಪ್ಪನ ತೊಡೆಯ ಮೇಲಿತ್ತು. ಡ್ರೈವರ್ ಹಾರ್ನ್ ಒತ್ತಿ ಹಿಡಿದೇ ಓಡಿಸಿದ. ಡಾಕ್ಟರು ಕೈ ಹಿಡಿದು ನೋಡಿ, ದಾರಿಯಲ್ಲೇ ಆಗಿಹೋಗಿದೆ ಎಂದರು. ನಂಜಪ್ಪ ಡಾಕ್ಟರ ಮುಖವನ್ನೇ ನೋಡುತ್ತಾ, "ಇಲ್ಲ ಸಾ, ಸತ್ತಿರೋನು ನಾನು" ಅಂದ. ಡಾಕ್ಟರಿಗೆ ಅರ್ಥವಾಗಲಿಲ್ಲ. ಅರ್ಥವಾದದ್ದು ಯಶಸ್ವಿನಿ ಒಬ್ಬಳಿಗೇ.

ಮರುದಿನ ಬೆಳಿಗ್ಗೆ ಕಾಂತರಾಜುವಿನ ನಿಧನ ವಾರ್ತೆಯನ್ನು ಟೈಪು ಮಾಡಿದವಳು ಅವಳೇ. ಏಳೂವರೆಗೆ ಅದು ಹೋದದ್ದೇ ಆಫೀಸಿಗೆ ಫೋನುಗಳು ಬರತೊಡಗಿದವು. "ನೆನ್ನೆ ಅಣ್ಣ, ಇವತ್ತು ತಮ್ಮನಾ? ನಾಳೆ ಯಾರು?" ಎಂದು ಜನ ನಗುತ್ತಿದ್ದರು. ಇವತ್ತಿನದು ನಿಜ ಎಂದು ಅವಳು ಒಬ್ಬೊಬ್ಬರಿಗೂ ಹೇಳಿದಳು. ನಂಬಲಿಲ್ಲ. ಅವಳು ಬಸ್ಸು ಹಿಡಿದು ಅರಕಲಗೂಡಿಗೆ ಹೋದಾಗ ಮನೆ ಮುಂದೆ ಇದ್ದದ್ದು ಹದಿಮೂರು ಜನ. ಇಪ್ಪತ್ತು ವರ್ಷ ಊರಿನ ಎಲ್ಲರ ಮದುವೆ ಮುಂಜಿಗೂ ಹೋಗಿಬಂದ ಮನುಷ್ಯನಿಗೆ ಹೆಗಲು ಕೊಡಲು ಪಕ್ಕದ ಅಂಗಡಿಯವರನ್ನು ಕರೆದುಕೊಂಡು ಬರಬೇಕಾಯಿತು. ಕಾಂತರಾಜುವಿನ ಹೆಂಡತಿ ಬೆಟ್ಟಮ್ಮ ಮಂಡಿನೋವಿನ ಕಾಲು ಚಾಚಿಕೊಂಡು ಬಾಗಿಲಲ್ಲಿ ಕೂತು, "ಯಾಕೆ ಯಾರೂ ಬಂದಿಲ್ಲ?" ಎಂದು ಬಂದವರನ್ನೆಲ್ಲ ಕೇಳುತ್ತಿದ್ದಳು. ಯಶಸ್ವಿನಿಯನ್ನೂ ಕೇಳಿದಳು, ಅವಳು ಯಾರೆಂದು ತಿಳಿಯದೆ. ನಂಜಪ್ಪ ಎದುರು ರಸ್ತೆಯಲ್ಲಿ ಲೈಟು ಕಂಬದ ಪಕ್ಕ ನಿಂತಿದ್ದ. ಅವನನ್ನು ಯಾರೂ ಒಳಗೆ ಕರೆಯಲಿಲ್ಲ.

ಆ ವಾರ ರಜನೀಶ ಇದರ ಮೇಲೇ ಒಂದು ವಿಶೇಷ ಕಾರ್ಯಕ್ರಮ ಮಾಡೋಣ, ಊರವರನ್ನೆಲ್ಲ ಮಾತಾಡಿಸೋಣ ಎಂದ. ಅವಳು ಮೇಜಿನ ಖಾನೆಯಲ್ಲಿದ್ದ ತನ್ನ ಸಾಮಾನುಗಳನ್ನು ಚೀಲಕ್ಕೆ ಹಾಕಿಕೊಂಡು ಚನ್ನರಾಯಪಟ್ಟಣದ ಬಸ್ಸು ಹತ್ತಿದಳು. ಎಂಟು ತಿಂಗಳು ಅಪ್ಪನ ಅಂಗಡಿಯಲ್ಲಿ ಕೂತಳು. ಫೋನ್ ಸದ್ದಾದರೆ ಬೆಚ್ಚುತ್ತಿದ್ದಳು. ಪಾಲಾಕ್ಷಪ್ಪ ಏನೂ ಕೇಳದೆ, ಸುಮ್ಮನೆ ಅವಳ ಮುಂದೆ ಮಡಿಸಬೇಕಾದ ಬಟ್ಟೆ ತಂದಿಡುತ್ತಿದ್ದರು.

ಹಾಸನದಲ್ಲಿ ರುದ್ರೇಶ ಎಂಬವರು ನಡೆಸುವ ನಾಟಕ ತಂಡವೊಂದಿತ್ತು. ಹಿಂದೆ ಕಾರ್ಯಕ್ರಮಗಳಿಗೆ ಬಂದು ಪರಿಚಯವಿದ್ದವರು. ಅವರೇ ಅಂಗಡಿಗೆ ಬಂದು, ತಂಡಕ್ಕೆ ವರ್ಷಕ್ಕೆ ನೂರಾರು ಹೊಸ ನಾಟಕ ಬರುತ್ತವೆ, ಓದುವವರಿಲ್ಲ, ನೀನು ಬಾ ಎಂದರು. ಬಂದ ನಾಟಕಗಳನ್ನೆಲ್ಲ ಓದುವುದು, ಬರೆದವರಿಗೆ ಏನು ಚೆನ್ನಾಗಿದೆ ಏನು ಸಾಲದು ಎಂದು ಪತ್ರ ಬರೆಯುವುದು, ಆ ವರ್ಷ ಯಾವುದನ್ನು ಆಡಬೇಕೆಂದು ಆರಿಸುವುದು, ತಾಲೀಮಿನಲ್ಲಿ ಪುಸ್ತಕ ಹಿಡಿದು ಕೂತು ಮಾತು ತಿದ್ದಿಸುವುದು. ಸಾಹಿತ್ಯ ವ್ಯವಸ್ಥಾಪಕಿ ಎಂದು ಕಾರ್ಡು ಅಚ್ಚಾಯಿತು. ಪಾಲಾಕ್ಷಪ್ಪ ಅದನ್ನು ಹಿಂದೆ ಮುಂದೆ ತಿರುಗಿಸಿ ನೋಡಿ, "ಓದಕ್ಕೆ ಸಂಬಳ ಕೊಡ್ತಾರಾ ಮಗ?" ಎಂದು ಕೇಳಿದರು. ಎರಡು ವರ್ಷದ ಮೇಲೆ ಅವರು ತೀರಿಕೊಂಡರು. ಅವರ ಸುದ್ದಿಯನ್ನು ಅವಳು ಯಾವ ವಾಹಿನಿಗೂ ಕೊಡಲಿಲ್ಲ. ಮನೆಮನೆಗೆ ಹೋಗಿ ಬಾಯಲ್ಲೇ ಹೇಳಿಬಂದಳು.

ಆ ಕೆಲಸ ಅವಳಿಗೆ ಒಗ್ಗಿತು. ಬರೆದವರು ಹೈಸ್ಕೂಲ್ ಮೇಷ್ಟ್ರಾಗಲಿ, ಕಂಡಕ್ಟರಾಗಲಿ, ಪೂರ್ತಿ ಓದದೆ ಒಂದು ನಾಟಕವನ್ನೂ ಅವಳು ವಾಪಸು ಕಳಿಸಲಿಲ್ಲ. ಹೋದ ವರ್ಷ ಜಿಲ್ಲೆಯ ಹೊಸಬರಿಂದ ನಾಟಕ ಕರೆದಾಗ ಐವತ್ತೆಂಟು ಬಂದವು. ಅದರಲ್ಲೊಂದು ಗೆರೆ ಹಾಕಿದ ಇನ್ನೂರು ಪುಟದ ನೋಟ್ ಪುಸ್ತಕ, ದುಂಡಗಿನ ಕೈಬರಹ. ಮೊದಲ ಪುಟದಲ್ಲಿ ಹೆಸರು: ನಂಜಪ್ಪ, ಮಾವಿನಕೊಪ್ಪಲು.

ಯಶಸ್ವಿನಿ ಅದನ್ನು ಮುಚ್ಚಿಟ್ಟಳು. ಒಂದು ವಾರ ಬೇರೆ ನಾಟಕಗಳನ್ನು ಓದಿದಳು. ಎಂಟನೆಯ ದಿನ ಬೆಳಿಗ್ಗೆ, ಬೇರೆಯವರು ಬರುವ ಮೊದಲು ಆಫೀಸಿಗೆ ಬಂದು ಕೂತು ಓದಿದಳು. ಎಲ್ಲವೂ ಇತ್ತು. ಹಸಿ ಮಣ್ಣಿನ ಪಕ್ಕ ತಮ್ಮ ಆಡಿದ ಮಾತು, ಎರಡು ದನಿ, ಬೇಲಿಗೆ ನೇತುಹಾಕಿದ ಹಾರಗಳು. ಟೀವಿಯ ಹೆಂಗಸೂ ಇದ್ದಳು. ಅವಳು ಬರುತ್ತಾಳೆ, ನಂಜಪ್ಪ ಬದುಕಿರುವುದನ್ನು ನೋಡುತ್ತಾಳೆ, ಅಲ್ಲೇ ನಿಂತು ಫೋನ್ ಮಾಡಿ ತಪ್ಪು ಸುದ್ದಿ ಎಂದು ಹಾಕಿಸುತ್ತಾಳೆ. ಆ ಸುದ್ದಿ ಮುಟ್ಟುವ ಮೊದಲೇ ತಮ್ಮ ಬಂದುಬಿಡುತ್ತಾನೆ.

ಅವಳು ಆ ಪುಟವನ್ನು ಮೂರು ಸಲ ಓದಿದಳು. ಏಳು ವರ್ಷ ಯಾರಿಗೂ ಹೇಳದೆ ಇಟ್ಟುಕೊಂಡಿದ್ದ ಆ ಒಂದು ಗಂಟೆಯನ್ನು ಆ ಮನುಷ್ಯ ಅಳಿಸಿಹಾಕಿದ್ದ. ಅವಳ ಮೇಲೆ ಒಂದು ಮಾತೂ ಬರದ ಹಾಗೆ ಪೂರಾ ತನ್ನ ತಲೆಗೇ ಹಾಕಿಕೊಂಡಿದ್ದ. ಯಾರಾದರೂ ಕೆನ್ನೆಗೆ ಹೊಡೆದಿದ್ದರೂ ಅವಳಿಗೆ ಅಷ್ಟು ದಿಗಿಲಾಗುತ್ತಿರಲಿಲ್ಲ.

ಪತ್ರ ಬರೆಯಲು ಆಗಲಿಲ್ಲ. ಮಾವಿನಕೊಪ್ಪಲಿಗೇ ಹೋದಳು. ನಂಜಪ್ಪನ ಮೀಸೆ ಪೂರ್ತಿ ಬೆಳ್ಳಗಾಗಿತ್ತು. ಮಾತು ಕಡಿಮೆಯಾಗಿತ್ತು.

"ನಾನು ಒಂದು ಗಂಟೆ ಕಾದಿದ್ದು ಎಲ್ಲಿ ಹೋಯ್ತು ಯಜಮಾನ್ರೇ?"

"ಅದು ನಂದು ಕಣವ್ವ. ನಾನ್ ಬ್ಯಾಡಾ ಅಂದೆ, ನೀನು ತಡದೆ."

"ಫೋನ್ ನನ್ ಕೈಲಿತ್ತು. ಅದನ್ನ ಬರೀದಿದ್ರೆ ಈ ನಾಟಕ ಆಡಕ್ಕಾಗಲ್ಲ."

ನಂಜಪ್ಪ ಅಂಗಳದ ಕಡೆ ತಿರುಗಿದ. ಆಮೇಲೆ, "ಬೆಟ್ಟಮ್ಮನ್ ಕೇಳ್ದೆ ನಾನೇನೂ ಮಾಡಕ್ಕಿಲ್ಲ. ನಾನ್ ವೋದ್ರೆ ಅವಳು ಬಾಗ್ಲು ತೆಗ್ಯಕ್ಕಿಲ್ಲ" ಅಂದ.

ಯಶಸ್ವಿನಿ ಒಬ್ಬಳೇ ಅರಕಲಗೂಡಿಗೆ ಹೋದಳು. ಬೆಟ್ಟಮ್ಮ ಮೊರದಲ್ಲಿ ಹುರುಳಿಕಾಳು ಹಾಕಿಕೊಂಡು ಆರಿಸುತ್ತಿದ್ದಳು. ಈ ಸಲ ಯಶಸ್ವಿನಿ ತಾನು ಯಾರೆಂದು ಹೇಳಿದಳು. ನಾಟಕದ ವಿಚಾರ ಹೇಳಿದಳು. ಆಮೇಲೆ ಆ ಗಂಟೆಯ ವಿಚಾರ. ಹತ್ತಕ್ಕೇ ಹಾಕಿಸಬಹುದಾಗಿತ್ತು, ಹನ್ನೊಂದೂ ಇಪ್ಪತ್ತಕ್ಕಂತೂ ಹಾಕಿಸಲೇಬೇಕಾಗಿತ್ತು, ಹಾಕಿಸಲಿಲ್ಲ. ಹೇಳುವಾಗ ಅವಳಿಗೆ ಒಂದು ಸಣ್ಣ ಆಸೆಯಿತ್ತು, ಕರೆಂಟಿರಲಿಲ್ಲ, ನಾನು ಟೀವಿ ನೋಡುತ್ತಿರಲಿಲ್ಲ ಎಂದು ಈಕೆ ಹೇಳಬಹುದೇನೋ ಎಂದು.

ಬೆಟ್ಟಮ್ಮನ ಕೈ ಕಾಳಿನ ಮೇಲೆ ನಿಂತಿತು.

"ನೋಡ್ತಿದ್ದೆ" ಅಂದಳು. "ಮಂಡಿ ನೋವು ಅಂತ ನಾನು ಓಗಿರ್ಲಿಲ್ಲ. ಎಷ್ಟೊತ್ಗೆ ಎತ್ತುತಾರೆ ಅಂತ ಮತ್ತೆ ಟೀವಿಲಿ ತೋರಿಸ್ತಾರೆ, ನೋಡಿ ನಂಗೆ ಫೋನ್ ಮಾಡು ಅಂತ ಏಳಿ ಓಗಿದ್ರು. ಅವ್ರು ಒಂಟಾಗಿಂದ ಅಲ್ಲಿಂದ ಫೋನ್ ಬರೋಗಂಟ ನಾನು ಟೀವಿ ಮುಂದಿಂದ ಎದ್ದಿಲ್ಲ."

ಹೊರಗೆ ಯಾವುದೋ ಟೆಂಪೋ ಹಾದುಹೋಯಿತು. ಬೆಟ್ಟಮ್ಮ ಮೊರವನ್ನು ಎತ್ತಿ ಒಮ್ಮೆ ಕೇರಿದಳು, ಕೆಳಗಿಟ್ಟಳು.

"ಆಡ್ರಿ" ಅಂದಳು ಕೊನೆಗೆ. "ಆ ಗಂಟೇನೂ ಆಡ್ರಿ. ಬಿಡ್ಬ್ಯಾಡಿ."

ನಂಜಪ್ಪ ಆ ದೃಶ್ಯವನ್ನು ಬರೆಯಲು ಒಪ್ಪಲಿಲ್ಲ. ಯಶಸ್ವಿನಿಯೇ ಬರೆದಳು. ತನ್ನ ಪಾತ್ರದ ಬಾಯಲ್ಲಿ ಒಂದು ಸಮಜಾಯಿಷಿಯನ್ನೂ ಇಡಲಿಲ್ಲ. ಈ ವರ್ಷ ಜನವರಿಯಲ್ಲಿ ಹಾಸನದ ಕಲಾಭವನದಲ್ಲಿ ನಾಟಕ ಆಯಿತು. ಅಣ್ಣನ ಪಾತ್ರ ಮಾಡಲು ನಂಜಪ್ಪನಿಗೆ ಹೇಳಿದರೆ ಬೇಡವೆಂದ. ಪರದೆ ಎಳೆಯುವ ಹಗ್ಗ ಹಿಡಿದು ಬದಿಯಲ್ಲಿ ನಿಂತ. ಟೀವಿಯ ಹೆಂಗಸು ಫೋನನ್ನು ಮಡಿಲಲ್ಲಿಟ್ಟುಕೊಂಡು ಕಾಯುವ ಹೊತ್ತಿಗೆ ಯಾರೋ ಒಬ್ಬ ಹಿಂದಿನ ಸಾಲಿನಿಂದ, "ಫೋನ್ ಮಾಡಮ್ಮಾ" ಅಂದ, ಮೆಲ್ಲಗೆ.

ಬೆಟ್ಟಮ್ಮ ಬಂದಿದ್ದಾಳೆಂದು ಯಶಸ್ವಿನಿಗೆ ತಿಳಿದದ್ದು ಎಲ್ಲ ಮುಗಿದ ಮೇಲೆ. ಸಾಯಂಕಾಲದ ಬೆಳಕು ಇನ್ನೂ ಇತ್ತು. ಪಕ್ಕದ ಮನೆಯ ಹುಡುಗಿಯ ತೋಳು ಹಿಡಿದುಕೊಂಡು ಬಣ್ಣದ ಮನೆಗೆ ಬಂದಳು. ಅಲ್ಲಿ ಮೂಲೆಯಲ್ಲಿ ನಂಜಪ್ಪ ಹಗ್ಗ ಸುತ್ತುತ್ತಾ ನಿಂತಿದ್ದ. ಅವನನ್ನು ನೋಡಿದರೂ ನೋಡದ ಹಾಗೆ ಯಶಸ್ವಿನಿಯ ಎದುರಿಗೆ ಬಂದು ಟ್ರಂಕಿನ ಮೇಲೆ ಕೂತಳು.

"ಅವ್ರು ಅಳ್ತಾ ಬತ್ತಾರೆ ಅಂತ ಮಾಡಿದೀರ. ಅಂಗಲ್ಲ."

"ಮತ್ತೆ ಹೆಂಗೆ ಅಮ್ಮ?"

"ಮನೇಲೇ ಅತ್ತು ಮುಗಿಸಿದ್ರು. ವಾರ್ತೆ ನೋಡಿ ಅಡಿಗೆ ಮನೇಗ್ ಬಂದು, ನನ್ ಸೆರಗು ಇಡ್ಕಂಡು ಕುಂತ್ಕಂಡ್ರು. ಗಂಡಸು ಅಂಗ್ ಅತ್ತಿದ್ದು ನಾನ್ ಯಾವತ್ತೂ ನೋಡಿರ್ಲಿಲ್ಲ. ಉಗಾದಿಗೆ ನಾನೇ ಅಣ್ಣನ್ ತಾವ ಓಗಣಾ ಅಂತಿದ್ದೆ ಕಣೇ, ಬಾಯ್ಬಿಟ್ಟು ಏಳಿರ್ಲಿಲ್ಲ ಅಂದ್ರು. ಆಮೇಲೆ ಎದ್ದು ಕ್ಷೌರ ಮಾಡ್ಕಂಡ್ರು. ಮೂರು ಸಲ ಅಂಗಿ ಬದಲಾಯ್ಸಿದ್ರು. ಅಣ್ಣಂಗೆ ಸುಕ್ಕು ಬಟ್ಟೆ ಆಗಕ್ಕಿಲ್ಲ ಅಂತ."

ಮೂಲೆಯಲ್ಲಿ ಹಗ್ಗ ಸುತ್ತುತ್ತಿದ್ದ ಕೈ ನಿಂತಿತು. ನಂಜಪ್ಪ ಗೋಡೆ ಹಿಡಿದು ನೆಲಕ್ಕೆ ಕೂತ. ಉಗಾದಿಗೆ ಅಂದರೆ ಆ ವರ್ಷ ಇನ್ನೊಂದು ತಿಂಗಳಿತ್ತು. ಬಣ್ಣ ತೆಗೆಯುತ್ತಿದ್ದ ನಟರು ಹತ್ತಿಯನ್ನು ಕೆನ್ನೆಗೆ ಹಿಡಿದುಕೊಂಡೇ ನಿಂತರು.

ಯಶಸ್ವಿನಿ ನಾಟಕದ ಪ್ರತಿಯನ್ನು ತಿರುಗಿಸಿ ಹಿಂದಿನ ಖಾಲಿ ಹಾಳೆ ತೆಗೆದಳು. ಕೇಳಿದ್ದನ್ನೆಲ್ಲ ಬರೆದಳು. ಬೆಟ್ಟಮ್ಮ ಅವಳ ಪೆನ್ನು ಎಲ್ಲಿಗೆ ಮುಟ್ಟಿತೆಂದು ನೋಡಿದಳು. ಆಮೇಲೆ ಮೊದಲ ಸಲ ಮೂಲೆಯ ಕಡೆ ತಿರುಗಿ, ಅಲ್ಲಿ ಕೂತವನಿಗೂ ಕೇಳಿಸಲಿ ಎಂಬಂತೆ ದನಿ ಸ್ವಲ್ಪ ಏರಿಸಿದಳು.

"ಸುಗಂದರಾಜದ ಆರಾನೇ ಯಾಕೆ ತಂದ್ರು ಅಂತಲೂ ಏಳ್ತೀನಿ, ಬರ್ಕ" ಅಂದಳು.